ಠಾಣೆಯ ನಾಲ್ವರು ಹುತಾತ್ಮರು

ಮುಂಬೈ ಬಳಿಯ ಬೇಲಾಪುರದ ಉತ್ತರಕ್ಕೆ, ಖಾರಿಯ ಮೇಲ್ದಂಡೆಯಲ್ಲಿರುವ ಠಾಣೆ 14ನೆಯ ಶತಮಾನದಲ್ಲಿ ಹೆಸರಾಂತ ಬಂದರು. 1321ರಲ್ಲಿ ಹೊರ್ಮುಜ್‌ನಿಂದ ಕೊಲ್ಲಂಗೆ ಹೊರಟಿದ್ದ ನಾಲ್ವರು ಫ್ರಾನ್ಸಿಸ್ಕನ್ ಕ್ರೈಸ್ತ ಸನ್ಯಾಸಿಗಳು ಇಲ್ಲಿಗೆ ಬಂದಿಳಿದರು: ತೊಲೆಂತಿನೊದ ಥಾಮಸ್, ಪಾದುವಾದ ಜೇಮ್ಸ್, ಸಿಯೆನಾದ ಪೀಟರ್ ಮತ್ತು ದುಭಾಷಿ ದೆಮೆತ್ರಿಯಸ್. ಥಾಮಸ್ ವಯೋವೃದ್ಧ, ಚೀನಾ ತಲುಪುವ ಆಸೆ ಅವನಿಗಿತ್ತು. ನೆಸ್ಟೋರಿಯನ್ ಕ್ರೈಸ್ತರು ಅವರಿಗೆ ಮನೆಯಲ್ಲಿ ಆಶ್ರಯ ಕೊಟ್ಟರು.

ಆ ಮನೆಯ ಗಂಡ-ಹೆಂಡಿರ ಜಗಳ ಕಾಜಿಯ ಬಳಿಗೆ ಹೋಯಿತು. ಸಾಕ್ಷಿಗಳೆಂದು ಕರೆಸಿಕೊಂಡ ಪಾದ್ರಿಗಳನ್ನು ಧರ್ಮದ ಪ್ರಶ್ನೆಗಳಿಗೆ ಎಳೆಯಲಾಯಿತು. ನಂಬಿಕೆಯನ್ನು ಬಿಡಲೊಪ್ಪದ ಅವರನ್ನು ಏಪ್ರಿಲ್‌ನಲ್ಲಿ ಕೊಂದರು. ಜೊತೆಗೆ ಬಂದಿದ್ದ ಡೊಮಿನಿಕನ್ ಸನ್ಯಾಸಿ ಜೋರ್ಡಾನಸ್ ಆಗ ಊರಲ್ಲಿರಲಿಲ್ಲ. ಮರಳಿ ಬಂದು ಶವಗಳನ್ನು ಸೋಪಾರದಲ್ಲಿ ಹೂಳಿಸಿದ; ಒಬ್ಬಂಟಿಯಾಗಿ ಕೆಲಸ ಮುಂದುವರಿಸಿದ. ಈ ಛಲ ಬಲಿದಾನಕ್ಕಿಂತ ಕಡಿಮೆಯದಲ್ಲ.

ಕೆಲವೇ ವರ್ಷಗಳಲ್ಲಿ ಬಂದ ಫ್ರಾನ್ಸಿಸ್ಕನ್ ಯಾತ್ರಿಕ ಪೊರ್ದೆನೋನೆಯ ಒಡೊರಿಕ್ ಹುತಾತ್ಮರ ಅಸ್ಥಿಗಳನ್ನು ಬಟ್ಟೆಯಲ್ಲಿ ಸುತ್ತಿ ಹಡಗೇರಿದ. ಗಾಳಿ ನಿಂತಾಗ ಒಂದು ಮೂಳೆಯನ್ನು ಗುಟ್ಟಾಗಿ ಕಡಲಿಗೆ ಹಾಕಿಸಿದೆ, ಗಾಳಿ ಬೀಸಿತು ಎಂದು ಅವನೇ ಹೇಳಿಕೊಂಡಿದ್ದಾನೆ. ಉಳಿದವು ಚೀನಾದ ಜೈತೂನ್ ಬಂದರಿನ ಫ್ರಾನ್ಸಿಸ್ಕನ್ ಮಠ ಸೇರಿದವು. ಥಾಮಸ್ ಬದುಕಿದ್ದಾಗ ತಲುಪದ ನಾಡು ಅದು.

1329ರಲ್ಲಿ ಜೋರ್ಡಾನಸ್ ಕೊಲ್ಲಂನ ಬಿಷಪ್ ಆಗಿ ನೇಮಕಗೊಂಡ. 1894ರಲ್ಲಿ ರೋಮ್ ಥಾಮಸ್‌ನನ್ನು ಧನ್ಯನೆಂದು ಘೋಷಿಸಿತು.