ಕೊಚ್ಚಿಯ ಹೊತ್ತಗೆಯ ಕೊನೆಯ ಪುಟ

ಎರಡನೆಯ ಮೈಸೂರು ಯುದ್ಧದಲ್ಲಿ ಟಿಪ್ಪುವಿನ ಕಡೆಯವರಿಗೆ ಸೆರೆಸಿಕ್ಕ ಬೊಂಬಾಯಿ ದಂಡಿನಲ್ಲಿ ಸ್ಯಾಮ್ಯುಯೆಲ್ ಎಜೆಕಿಯೆಲ್ ದಿವೇಕರ್ ಎಂಬ ಯೆಹೂದ್ಯ ಅಧಿಕಾರಿಯೊಬ್ಬನಿದ್ದ. ಕೊಂಕಣದ ಬೆನೆ ಇಸ್ರೇಲ್ ಸಮುದಾಯದವನು. ಶ್ರೀರಂಗಪಟ್ಟಣದ ಕೋಟೆಗೆ ಹೋದವರಿಗೆ ಗೈಡುಗಳು ಕರ್ನಲ್ ಬೇಯ್ಲಿಯ ಸೆರೆಮನೆ ತೋರಿಸುತ್ತಾರೆ, ಸರಪಳಿ ಪೋಣಿಸಲು ಕಲ್ಲಿನಲ್ಲಿ ಕೊರೆದ ತೂತುಗಳನ್ನೂ ತೋರಿಸುತ್ತಾರೆ. ಹೇಳುವ ಹೆಸರುಗಳು ಮಾತ್ರ ಇಂಗ್ಲಿಷರವೇ. ದಿವೇಕರನ ಹೆಸರು ಅಲ್ಲಿ ಯಾರ ಬಾಯಲ್ಲೂ ಬರುವುದಿಲ್ಲ.

ಅವನ ಕಥೆ ಉಳಿದದ್ದು ಬೆನೆ ಇಸ್ರೇಲರ ಮನೆಗಳಲ್ಲಿ. ನೀನು ಯಾವ ಜನ ಎಂದು ಕೇಳಿದಾಗ ಬನೀ ಇಸ್ರಾಯೀಲ್ ಎಂದನಂತೆ. ಕುರಾನಿನಲ್ಲಿ ಬರುವ ಆ ಹೆಸರು ಕೇಳಿದ ಟಿಪ್ಪುವಿನ ತಾಯಿ ಇವನ ಜೀವ ಉಳಿಸು ಎಂದು ಮಗನಿಗೆ ಹೇಳಿದಳಂತೆ. ಇದನ್ನು ಬರೆದಿಟ್ಟವರು ಅದೇ ಸಮುದಾಯದ ಹಾಯೀಮ್ ಸ್ಯಾಮ್ಯುಯೆಲ್ ಕೆಹಿಮ್ಕರ್. ಅವರು 1897ರಲ್ಲಿ ಬರೆದು ಮುಗಿಸಿದ ಇತಿಹಾಸ ಅಚ್ಚಾದದ್ದು 1937ರಲ್ಲಿ, ಟೆಲ್ ಅವೀವ್‌ನಲ್ಲಿ. ಘಟನೆಗೂ ಬರಹಕ್ಕೂ ನಡುವೆ ನೂರು ವರ್ಷಕ್ಕೂ ಹೆಚ್ಚಿನ ಅಂತರವಿದೆ. ಹಾಗಾಗಿ ತಾಯಿಯ ಮಾತನ್ನು ನಾನು ಸಮುದಾಯದ ನೆನಪು ಎಂದಷ್ಟೇ ತೆಗೆದುಕೊಳ್ಳುತ್ತೇನೆ. ಬಿಡುಗಡೆಯಾಗಿ ಬಂದವನು 1796ರಲ್ಲಿ ಬೊಂಬಾಯಿಯಲ್ಲಿ ಕಟ್ಟಿಸಿದ ಸಿನಗಾಗ್ ಎಂಬ ಪ್ರಾರ್ಥನಾಮಂದಿರ ಮಾತ್ರ ಗಟ್ಟಿ ದಾಖಲೆ. ಶಾಅರ್ ಹಾರಹಮೀಮ್, ಕರುಣೆಯ ಬಾಗಿಲು ಎಂದು ಅದರ ಹೆಸರು. ಅದು ಇರುವ ಬೀದಿಗೆ ಇವತ್ತಿಗೂ ಸ್ಯಾಮ್ಯುಯೆಲ್ ಸ್ಟ್ರೀಟ್ ಎನ್ನುತ್ತಾರೆ.

ಕ್ರೈಸ್ತ ಅಧಿಕಾರಿಗಳ ಕೈಕೆಳಗೆ ದುಡಿದು, ಮುಸ್ಲಿಂ ದೊರೆಯ ಸೆರೆಯಲ್ಲಿದ್ದು, ತಾನು ಇಸ್ರೇಲನ ಮಗ ಎಂದು ಹೇಳಿ ಹೊರಬಂದ ಈ ಮನುಷ್ಯನ ಜನ ಯೇಸುವನ್ನು ಯಾರೆಂದು ತಿಳಿದಿದ್ದರು? ಮೈಸೂರಿನ ಓದುಕೋಣೆಗಳಲ್ಲಿ ನಾನು ಬೆನ್ನು ಹತ್ತಿದ ಪ್ರಶ್ನೆ ಇದು. ಕನ್ನಡಿಗರಾದ ನಾವು ಯೇಸುವಿನ ಕಥೆ ಕೇಳಿದ್ದು ಮಿಷನ್ ಶಾಲೆಗಳಿಂದ, ಕನ್ನಡ ಬೈಬಲಿನಿಂದ, ಮಂಜೇಶ್ವರದ ಗೋವಿಂದ ಪೈಗಳ ‘ಗೊಲ್ಗೊಥಾ’ದಿಂದ. ಆ ಕಥೆಯಲ್ಲಿ ಯೆಹೂದ್ಯ ಪುರೋಹಿತರು ದೂರು ಕೊಡುವವರು, ಶಾಸ್ತ್ರಿಗಳು ತಪ್ಪು ಹುಡುಕುವವರು. ಅವರ ಮಾತನ್ನು ಅವರ ಬಾಯಿಂದಲೇ ಕೇಳುವ ಅವಕಾಶ ನಮಗೆ ಒದಗಿದ್ದು ಬಹಳ ಕಡಿಮೆ.

ದಿವೇಕರನ ಹತ್ತಿರ ಇದಕ್ಕೆ ಉತ್ತರ ಸಿಗುವಂತಿರಲಿಲ್ಲ. ಬೆನೆ ಇಸ್ರೇಲರು ಕೊಂಕಣದ ಹಳ್ಳಿಗಳಲ್ಲಿ ಎಣ್ಣೆ ಗಾಣ ನಡೆಸುತ್ತಿದ್ದವರು. ಶನಿವಾರ ಗಾಣ ನಿಲ್ಲಿಸುತ್ತಿದ್ದುದರಿಂದ ನೆರೆಹೊರೆಯವರು ಅವರನ್ನು ಶನಿವಾರ ತೇಲಿ ಎಂದು ಕರೆದರು. ಯುರೋಪಿನ ಯೆಹೂದ್ಯರಿಗೂ ಕ್ರೈಸ್ತರಿಗೂ ನಡೆದ ಸಾವಿರ ವರ್ಷದ ವಾದ ಅವರ ಕಿವಿಗೆ ಬಿದ್ದೇ ಇರಲಿಲ್ಲ. ಆದರೆ ದಿವೇಕರ್ ತನ್ನ ಸಿನಗಾಗಿಗೆ ಯೆಹೂದ್ಯರ ಪವಿತ್ರ ಗ್ರಂಥವಾದ ತೋರಾದ ಸುರುಳಿ ತರಲು ಕೊಚ್ಚಿಗೆ ಹೋದ, 1797ರಲ್ಲಿ ಅಲ್ಲಿಯೇ ತೀರಿಕೊಂಡ. ಅವನ ದಾರಿ ಹಿಡಿದು ನಾನೂ ಕೊಚ್ಚಿಯ ಕಡೆ ತಿರುಗಿದೆ. ಅಲ್ಲಿನ ಕಥೆಯೇ ಬೇರೆ.

ಕೊಚ್ಚಿಯ ಯೆಹೂದ್ಯರಿಗೆ ಕ್ರೈಸ್ತರು ಹೊಸಬರಲ್ಲ. ಪಕ್ಕದಲ್ಲೇ ಸಿರಿಯನ್ ಕ್ರೈಸ್ತರು ಶತಮಾನಗಳಿಂದ ಇದ್ದರು. ಆಮೇಲೆ ಪೋರ್ಚುಗೀಸರು ಬಂದರು. ಗೋವೆಯಲ್ಲಿ 1560ರಲ್ಲಿ ಮತದ್ರೋಹ ವಿಚಾರಿಸುವ ಕ್ರೈಸ್ತ ನ್ಯಾಯಮಂಡಳಿಯಾದ ಇನ್‌ಕ್ವಿಸಿಷನ್ ಕೂತಿತು. ಯೆಹೂದ್ಯರು ಡಚ್ಚರ ಪಕ್ಷ ವಹಿಸಿದರೆಂದು 1662ರಲ್ಲಿ ಪೋರ್ಚುಗೀಸರು ಕೊಚ್ಚಿಯಲ್ಲಿದ್ದ ಅವರ ಪರದೇಶಿ ಸಿನಗಾಗಿಗೆ ಬೆಂಕಿಯಿಟ್ಟರು. ಮರುವರ್ಷ ಊರು ಡಚ್ಚರದಾದ ಮೇಲೆ ಯೆಹೂದ್ಯರು ಉಸಿರು ಬಿಟ್ಟರು.

ಈ ಊರಿನ ಹೀಬ್ರೂ ಹಸ್ತಪ್ರತಿಗಳ ಸುಳಿವು ಹೊರಗಿನವರಿಗೆ ಸಿಗುವುದು ಬುಕಾನನ್ ಎಂಬವನ ಪುಸ್ತಕದಿಂದ. ಬುಕಾನನ್ ಎಂದರೆ ಮೈಸೂರಿನ ಇತಿಹಾಸದವರಿಗೆ ಒಬ್ಬನೇ, ಟಿಪ್ಪು ಸತ್ತ ಮರುವರ್ಷ 1800ರಲ್ಲಿ ನಮ್ಮ ಹಳ್ಳಿಹಳ್ಳಿ ಸುತ್ತಿ ಬೆಳೆ, ಕೆರೆ, ಜಾತಿ ಎಲ್ಲ ಬರೆದುಕೊಂಡ ಫ್ರಾನ್ಸಿಸ್ ಬುಕಾನನ್. ಇವನು ಬೇರೆ. ಕ್ಲಾಡಿಯಸ್ ಬುಕಾನನ್ ಕಲ್ಕತ್ತೆಯ ಫೋರ್ಟ್ ವಿಲಿಯಂ ಕಾಲೇಜಿನ ವೈಸ್ ಪ್ರೊವೋಸ್ಟ್, ಪಾದ್ರಿ. ಇಬ್ಬರೂ ಸ್ಕಾಟ್ಲೆಂಡಿನವರು, ಇಬ್ಬರೂ ವೆಲ್ಲೆಸ್ಲಿಯ ಕಾಲದವರು, ಇಬ್ಬರೂ ಮಲಬಾರು ಕಂಡವರು. ಒಬ್ಬ ನೆಲವನ್ನು ಅಳೆದ, ಇನ್ನೊಬ್ಬ ಹಸ್ತಪ್ರತಿ ಹುಡುಕಿದ.

ಕ್ಲಾಡಿಯಸ್ 1806ರಲ್ಲಿ ಕಲ್ಕತ್ತೆಯಿಂದ ಹೊರಟು ದಕ್ಷಿಣಕ್ಕೆ ಬಂದ. ಕೊಚ್ಚಿಯ ಕರಿಯ ಯೆಹೂದ್ಯರೆಂದು ಆಗ ಕರೆಯುತ್ತಿದ್ದವರ ಸಿನಗಾಗ್ ಒಂದರಲ್ಲಿ ಹೊಸ ಒಡಂಬಡಿಕೆಯ ಹೀಬ್ರೂ ಅನುವಾದ ಅವನ ಕೈಗೆ ಬಿತ್ತು. ಹಳೆಯ ಹೊತ್ತಗೆಗಳನ್ನು ಇವನು ಒಯ್ಯುತ್ತಾನೆಂದು ತಿಳಿದಾಗ ಯೆಹೂದ್ಯರ ಕೇರಿಯಲ್ಲಿ ಗದ್ದಲವೆದ್ದಿತು, ಕೆಲವನ್ನು ವಾಪಸು ಕೊಡಬೇಕಾಯಿತು. ಉಳಿದವು ಅವನ ಜೊತೆ ಇಂಗ್ಲೆಂಡಿಗೆ ಹೋಗಿ ಕೇಂಬ್ರಿಜ್ ವಿಶ್ವವಿದ್ಯಾನಿಲಯದ ಗ್ರಂಥಾಲಯ ಸೇರಿದವು. ಈ ಗದ್ದಲದ ಮಾತು ನನಗೆ ಮುಖ್ಯ. ಪೆಟ್ಟಿಗೆಯಲ್ಲಿ ಬಿದ್ದಿದ್ದ ಹಳೆಯ ಕಾಗದವಾದರೂ ಅದು ಅವರದು, ಅವರು ಅದನ್ನು ಬಿಟ್ಟುಕೊಡಲು ಒಪ್ಪಿರಲಿಲ್ಲ.

ಆ ಅನುವಾದದ ಬಗ್ಗೆ ಬುಕಾನನ್ 1811ರ ತನ್ನ ಪುಸ್ತಕದಲ್ಲಿ ಬರೆದ ಕಥೆ ಇಂಗ್ಲೆಂಡಿನ ಭಕ್ತರ ಬಾಯಲ್ಲಿ ಬಹಳ ಕಾಲ ಓಡಾಡಿತು. ಪಂಡಿತನಾದ ಒಬ್ಬ ರಬ್ಬಿ ಕ್ರೈಸ್ತರ ಗ್ರಂಥವನ್ನು ಖಂಡಿಸಲೆಂದೇ ಅನುವಾದಕ್ಕೆ ಕೂತನಂತೆ. ಅನುವಾದ ಮಾಡುತ್ತ ಮಾಡುತ್ತ ಅವನ ಮನಸ್ಸೇ ತಿರುಗಿತಂತೆ, ಕೊನೆಗೆ ಯೇಸುವಿನ ಭಕ್ತನಾಗಿ ಸತ್ತನಂತೆ. ಇಂಥ ಕಥೆ ನಂಬಲು ಯಾರಿಗಾದರೂ ಹಿತವೇ. ಬುಕಾನನ್ ಕೂಡ ಅದನ್ನು ಕೇಳಿದ ಮಾತೆಂದೇ ಬರೆದಿದ್ದಾನೆ.

ಮೈಸೂರಿನ ಓರಿಯಂಟಲ್ ಲೈಬ್ರರಿಯ ಓಲೆಗರಿಗಳ ನಡುವೆ ಪಳಗಿದವರಿಗೆ ಒಂದು ಅಭ್ಯಾಸವಿರುತ್ತದೆ. ಕಟ್ಟು ಬಿಚ್ಚಿದ ಕೂಡಲೇ ಕೊನೆಯ ಗರಿ ನೋಡುತ್ತಾರೆ. ಬರೆದವನು ಯಾರು, ಯಾವ ಸಂವತ್ಸರ, ಯಾರಿಗಾಗಿ ಬರೆದ ಎಂಬುದೆಲ್ಲ ಅಲ್ಲಿರುತ್ತದೆ. ಕೊಚ್ಚಿಯ ಹೊತ್ತಗೆಯನ್ನೂ ಹಾಗೆಯೇ ಕೊನೆಯಿಂದ ನೋಡಬೇಕು. ಹಾಗೆ ನೋಡಿದವರು ಕೇಂಬ್ರಿಜ್‌ನಲ್ಲಿದ್ದ ಸೊಲೊಮನ್ ಶೆಖ್ಟರ್, ಮುಂದೆ ಕೈರೋದ ಸಿನಗಾಗ್ ಒಂದರ ಹಳೆಯ ಕಾಗದಗಳ ಕೋಣೆಯಾದ ಗೆನೀಜಾದಿಂದ ರಾಶಿ ರಾಶಿ ಹಸ್ತಪ್ರತಿ ತಂದು ಹೆಸರಾದ ವಿದ್ವಾಂಸರು. 1890ರ ದಶಕದಲ್ಲಿ ಅವರು ಬೆಳಕಿಗೆ ತಂದ ಪುಷ್ಪಿಕೆಯ ಸಾರ ಇಷ್ಟು: ಆಕಾಶವೇ ಸಾಕ್ಷಿ, ನಾನು ಇದನ್ನು ನಂಬುವುದಕ್ಕಾಗಿ ಅನುವಾದಿಸಲಿಲ್ಲ, ಅದು ದೂರವಿರಲಿ, ಇದರಲ್ಲಿ ಏನಿದೆ ಎಂದು ತಿಳಿದು, ವಾದಕ್ಕೆ ಬರುವವರಿಗೆ ಉತ್ತರ ಕೊಡಲೆಂದು ಮಾಡಿದೆ, ನಮ್ಮ ನಿಜವಾದ ಮೆಸ್ಸೀಯ ಬರುವನು. ಕೆಳಗೆ ಹೆಸರಿದೆ, ಎಜೆಕಿಯೆಲ್ ರಹಾಬಿ.

ರಹಾಬಿ ಅನಾಮಧೇಯ ರಬ್ಬಿಯಲ್ಲ. 1694ರಲ್ಲಿ ಹುಟ್ಟಿ 1771ರಲ್ಲಿ ತೀರಿಕೊಂಡ, ಡಚ್ ಕಂಪನಿಯ ಪ್ರಧಾನ ವರ್ತಕ, ತಿರುವಾಂಕೂರಿನ ರಾಜನೊಂದಿಗೂ ಕಲ್ಲಿಕೋಟೆಯ ಸಾಮೂದಿರಿಯೊಂದಿಗೂ ಮಾತುಕತೆಗೆ ಕೂರುತ್ತಿದ್ದ ದೊಡ್ಡ ಮನುಷ್ಯ. ಪರದೇಶಿ ಸಿನಗಾಗಿನ ಗಡಿಯಾರ ಗೋಪುರ ಅವನು ಕಟ್ಟಿಸಿದ್ದು. ಹೈದರಾಲಿಯ ದಂಡು 1766ರಲ್ಲಿ ಮಲಬಾರಿಗೆ ಇಳಿದಾಗ ಅವನಿನ್ನೂ ಬದುಕಿದ್ದ. ಹೇಗ್ ನಗರದ ತೋಬಿಯಾಸ್ ಬೋಆಸ್ ಎಂಬ ಯೆಹೂದ್ಯ ಸಾಹುಕಾರ ಕೊಚ್ಚಿಯ ಯೆಹೂದ್ಯರ ಇತಿಹಾಸ ಕೇಳಿ ಪ್ರಶ್ನೆ ಕಳಿಸಿದಾಗ 1768ರಲ್ಲಿ ಉತ್ತರ ಬರೆದವನೂ ಇವನೇ. ಬುಕಾನನ್ ಕೊಚ್ಚಿಯ ದಾರಿ ಹಿಡಿಯುವ ಹೊತ್ತಿಗೆ ರಹಾಬಿ ತೀರಿಕೊಂಡು 35 ವರ್ಷ. ಅವನನ್ನು ಕಣ್ಣಾರೆ ಕಂಡವರು ಆ ಕೇರಿಯಲ್ಲಿ ಇದ್ದೇ ಇದ್ದಿರಬೇಕು. ಮತಾಂತರದ ಕಥೆ ಹೇಗೆ ಹುಟ್ಟಿತೋ, ಹೊತ್ತಗೆಯ ಮಾತು ಅದಕ್ಕೆ ನೇರ ವಿರುದ್ಧವಾಗಿದೆ.

ಈ ಅನುವಾದದ ಕೆಲಸದಲ್ಲಿ ರಹಾಬಿಯ ಜೊತೆ ವಿದ್ವಾಂಸರು ಸೇರಿಸುವ ಹೆಸರುಗಳಲ್ಲಿ ಒಂದು ಲಿಯೋಪೋಲ್ಡ್ ಇಮ್ಯಾನುಯೆಲ್ ಯಾಕೋಬ್ ವಾನ್ ಡೋರ್ಟ್. ಹುಟ್ಟಿನಿಂದ ಯೆಹೂದ್ಯ, ಆಮೇಲೆ ಕ್ರೈಸ್ತನಾದವನು, ಕೊಲಂಬೊದ ಡಚ್ ಸೆಮಿನರಿಯಲ್ಲಿ ಕಲಿಸುತ್ತಿದ್ದವನು. ಬುಕಾನನ್ ಕೇಳಿದ ಕಥೆಯ ಮತಾಂತರಿತ ಪಂಡಿತ ಈ ನೆನಪಿನಿಂದ ಬಂದಿರಬಹುದು ಎಂಬುದು ನನ್ನ ಊಹೆ. ನಂಬಿಕೆ ಬಿಟ್ಟವನು ಒಬ್ಬ, ಬಿಡದವನು ಇನ್ನೊಬ್ಬ. ಬಾಯಿಂದ ಬಾಯಿಗೆ ಹೋಗುವಾಗ ಇಬ್ಬರೂ ಒಬ್ಬನಾಗಿಬಿಡುವುದು ಕಷ್ಟವಲ್ಲ.

ಉತ್ತರ ಕೊಡಲೆಂದು ಮಾಡಿದೆ ಎಂಬ ಮಾತಿನ ಹಿಂದೆ ಎಷ್ಟು ಭಯ, ಎಷ್ಟು ಧೈರ್ಯ ಇದೆಯೆಂದು ತಿಳಿಯಲು ಯುರೋಪಿನ ದಾಖಲೆ ನೋಡಬೇಕು. 1263ರಲ್ಲಿ ಬಾರ್ಸಿಲೋನಾದಲ್ಲಿ ದೊರೆಯ ಎದುರಿಗೇ ಯೇಸು ಮೆಸ್ಸೀಯನಲ್ಲ ಎಂದು ವಾದಿಸಿದ ರಬ್ಬಿ ನಹ್ಮಾನಿದಿಸ್ ಕೊನೆಗೆ ದೇಶ ಬಿಡಬೇಕಾಯಿತು. ಯೆಹೂದ್ಯರ ಧರ್ಮಶಾಸ್ತ್ರ ಗ್ರಂಥವಾದ ತಾಲ್ಮುದಿನ ಸನ್ಹೆದ್ರಿನ್ ಭಾಗದಲ್ಲಿ, ಪಸ್ಕ ಹಬ್ಬದ ಹಿಂದಿನ ದಿನ ಯೇಶುವನ್ನು ಶಿಕ್ಷೆಗೆ ಏರಿಸಿದರು ಎಂಬ ವಾಕ್ಯವಿದೆ. ಹಳೆಯ ಹಸ್ತಪ್ರತಿಗಳಲ್ಲಿ ಉಳಿದ ಅದು ಸೆನ್ಸಾರಿನ ಕಾಟದಿಂದ ಅಚ್ಚಿನ ಪ್ರತಿಗಳಲ್ಲಿ ಮಾಯವಾಯಿತು. ಬಾಸೆಲಿನಲ್ಲಿ 1578ರಿಂದ 1581ರವರೆಗೆ ಅಚ್ಚಾದ ತಾಲ್ಮುದು ಹೀಗೆ ಕತ್ತರಿ ಹಾಕಿಸಿಕೊಂಡದ್ದಕ್ಕೇ ಕುಖ್ಯಾತ. ಮಂಗಳೂರಿಗೆ ಅಚ್ಚುಕೂಟ, ಹೆಂಚು ತಂದ ಮಿಷನ್ನಿನ ಮೂಲಕ ನಮಗೆ ಪರಿಚಯವಾದ ಊರು ಅದೇ ಬಾಸೆಲು. ಕತ್ತರಿ ಬಿದ್ದ ಕಡೆ ಗುಟ್ಟಿನ ಕಥೆ ಬೆಳೆಯುತ್ತದೆ. ಯೇಸುವನ್ನು ಮಾಟಗಾರನೆಂದು ಚಿತ್ರಿಸುವ ‘ತೋಲೆದೋತ್ ಯೇಶು’ ಎಂಬ ಕಟುವಾದ ಕಥೆ ಯೆಹೂದ್ಯರ ನಡುವೆ ಕೈಬರಹದಲ್ಲಿ ಹರಡಿತು. ಅದನ್ನು ಓದುವಾಗ ನನಗೆ ಹಿಂಸೆಯಾಗುತ್ತದೆ, ಪೆಟ್ಟು ತಿಂದವರ ಸಿಟ್ಟು ಅದರ ಪ್ರತಿ ಸಾಲಿನಲ್ಲೂ ಇದೆ.

ಯೆಹೂದ್ಯರ ನಿಲುವು ಅಷ್ಟೇ ಅಲ್ಲ. 12ನೆಯ ಶತಮಾನದ ಯೆಹೂದ್ಯ ಪಂಡಿತ ಮೈಮೊನಿದಿಸ್ ಯೇಸು ಮೆಸ್ಸೀಯನಲ್ಲ ಎಂದು ಖಡಾಖಂಡಿತವಾಗಿ ಹೇಳಿದ. ಆದರೂ ಯೇಸುವಿನಿಂದಲೂ ಮುಹಮ್ಮದರಿಂದಲೂ ತೋರಾದ ಮಾತು ದೂರದ ದ್ವೀಪಗಳಿಗೂ ತಲುಪಿತು, ಬರುವ ಮೆಸ್ಸೀಯನಿಗೆ ದಾರಿಯಾಯಿತು ಎಂದು ಬರೆದ. ಈ ಭಾಗಕ್ಕೂ ಕತ್ತರಿ ಬಿತ್ತು. ರಹಾಬಿಯ ಕಾಲದಲ್ಲೇ, 1757ರಲ್ಲಿ, ಜರ್ಮನಿಯ ರಬ್ಬಿ ಯಾಕೋಬ್ ಎಮ್ಡನ್ ಇನ್ನೂ ಮುಂದೆ ಹೋದ. ಯೇಸು ಯೆಹೂದ್ಯರಿಗೆ ತೋರಾವನ್ನು ಬಿಡಬೇಡಿ ಎಂದ, ಇತರ ಜನಕ್ಕೆ ವಿಗ್ರಹ ಬಿಟ್ಟು ನೀತಿಯಿಂದ ಬಾಳಿ ಎಂದ, ಹೀಗೆ ಎರಡು ಕಡೆಗೂ ಒಳಿತು ಮಾಡಿದ ಎಂಬುದು ಅವನ ಅಭಿಪ್ರಾಯ. ಆ ವಾದದ ಸರಿತಪ್ಪು ಏನೇ ಇರಲಿ, ಅದು ಎದುರಿನವರ ಗ್ರಂಥವನ್ನು ಕೂತು ಓದಿದವನ ಮಾತು. ರಹಾಬಿಯನ್ನು ನಾನು ಗೌರವಿಸುವುದೂ ಇದಕ್ಕೇ. ಅವನು ಬೈಗುಳದ ಪುಸ್ತಕ ಬರೆಯಬಹುದಿತ್ತು. ಬದಲಿಗೆ ಎದುರಿನವರ ಸುವಾರ್ತೆಯನ್ನು ತನ್ನ ಜನದ ಪವಿತ್ರ ಭಾಷೆಗೆ ತಂದ.

ದಿವೇಕರನ ಜನರೂ ಮುಂದೆ ಇದೇ ದಾರಿ ಹಿಡಿದರು. ಸ್ಕಾಟ್ಲೆಂಡಿನ ಪಾದ್ರಿ ಜಾನ್ ವಿಲ್ಸನ್ 1832ರಲ್ಲಿ ಬೊಂಬಾಯಿಯಲ್ಲಿ ಅವರಿಗಾಗಿಯೇ ಮರಾಠಿಯಲ್ಲಿ ಹೀಬ್ರೂ ವ್ಯಾಕರಣ ಬರೆದ, ಮಿಷನ್ ಶಾಲೆಗಳು ಅವರ ಮಕ್ಕಳನ್ನು ಕರೆದು ಓದಿಸಿದವು. ಅವರು ಹೀಬ್ರೂ ಕಲಿತರು, ತಮ್ಮ ಬೈಬಲನ್ನು ಮರಾಠಿಯಲ್ಲಿ ಓದಿದರು, ಸಿನಗಾಗಿಗೆ ಹೋಗುವುದನ್ನು ಬಿಡಲಿಲ್ಲ.

20ನೆಯ ಶತಮಾನಕ್ಕೆ ಬಂದರೆ ಕೊಚ್ಚಿಯ ಕೆಲಸದ ತಿರುಗುಮುರುಗು ರೂಪವೊಂದು ಕಾಣುತ್ತದೆ. ಯೋಸೆಫ್ ಕ್ಲೌಸ್ನರ್ 1922ರಲ್ಲಿ ಜೆರುಸಲೇಮಿನಲ್ಲಿ ಯೇಸುವಿನ ಚರಿತ್ರೆಯನ್ನು ಹೀಬ್ರೂವಿನಲ್ಲಿ, ಯೆಹೂದ್ಯ ಓದುಗರಿಗೆಂದೇ ಪ್ರಕಟಿಸಿದ. ಯೇಸು ಅಡಿಯಿಂದ ಮುಡಿಯವರೆಗೆ ಯೆಹೂದ್ಯ, ದೊಡ್ಡ ನೀತಿಗುರು, ಆದರೆ ಒಂದು ಜನಾಂಗದ ದಿನನಿತ್ಯದ ಬಾಳಿನಿಂದ ನೀತಿಯನ್ನು ಬಿಡಿಸಿಕೊಂಡ ಕಾರಣ ಅವನ ಜನ ಅವನ ಹಿಂದೆ ಹೋಗಲಾರದೆ ಹೋದರು ಎಂಬುದು ಅದರ ವಾದ. ಮೂರೇ ವರ್ಷದಲ್ಲಿ, 1925ರಲ್ಲಿ, ಅದನ್ನು ಇಂಗ್ಲಿಷಿಗೆ ತಂದವನು ಆಂಗ್ಲಿಕನ್ ಪಾದ್ರಿ ಹರ್ಬರ್ಟ್ ಡ್ಯಾನ್ಬಿ. ಯೆಹೂದ್ಯನ ಉತ್ತರ ಏನೆಂದು ಕ್ರೈಸ್ತರಿಗೆ ತಿಳಿಯಲಿ ಎಂದು ಈ ಸಲ ಅನುವಾದಕ್ಕೆ ಕೂತವನು ಪಾದ್ರಿ, ಮತ್ತು ಅವನೂ ಕೊನೆಯವರೆಗೆ ಪಾದ್ರಿಯಾಗಿಯೇ ಉಳಿದ.