ಅತ್ತಿಮಬ್ಬೆ: ಹೆಸರಿನೊಳಗೊಬ್ಬ ತಾಯಿ

ಕೆಲವು ಭಾಷೆಗಳಲ್ಲಿ ಹೆಣ್ಣುಮಕ್ಕಳ ಜೋಡುಹೆಸರುಗಳ ನಡುವೆ ಅಡ್ಡಗೆರೆ ಹಾಕುವ ರೂಢಿಯಿದೆ. ‘ಮೇರಿ-ಆನ್’ ಅಂಥದೊಂದು ಹೆಸರು. ಕನ್ನಡದಲ್ಲಿ ಆ ಗೆರೆಯ ಕೆಲಸವನ್ನು ಸಂಧಿಯೇ ಮಾಡುತ್ತದೆ. ಸಮೀರವಾಡಿ, ಮುಧೋಳ, ಜಮಖಂಡಿಗಳ ಕಡೆ ಬಸವ್ವ, ಮಲ್ಲವ್ವ, ಹನುಮವ್ವ ಎಂಬ ಹೆಸರುಗಳು ಮನೆಮನೆಯವು. ಬಿಡಿಸಿದರೆ ಬಸವ-ಅವ್ವ, ಮಲ್ಲ-ಅವ್ವ, ಹನುಮ-ಅವ್ವ. ಮೊದಲ ಭಾಗ ದೇವರದು, ಎರಡನೆಯದು ತಾಯಿಯದು. ತೊಟ್ಟಿಲ ಕೂಸನ್ನೂ ತಾಯಿಯೆಂದೇ ಕರೆಯುವ ಪ್ರೀತಿ ಇದರಲ್ಲಿದೆ.

‘ಅವ್ವ’ ಎಂಬ ಪದದ ಹಳೆಯ ರೂಪ ‘ಅಬ್ಬೆ’. ಇದಕ್ಕೆ ಕವಿ ರನ್ನನ ಮನೆಯೇ ಸಾಕ್ಷಿ. ಕ್ರಿ.ಶ. 949ರಲ್ಲಿ ಮುದುವೊಳಲಿನಲ್ಲಿ, ಎಂದರೆ ಇಂದಿನ ಮುಧೋಳದಲ್ಲಿ, ಬಳೆಗಾರರ ಮನೆತನದಲ್ಲಿ ಅವನು ಹುಟ್ಟಿದ. ತಾಯಿಯ ಹೆಸರು ಅಬ್ಬಲಬ್ಬೆ. ವಿದ್ಯೆಯನ್ನರಸಿ ಊರು ಬಿಟ್ಟ ರನ್ನನಿಗೆ ಗಂಗರ ಮಂತ್ರಿ ಚಾವುಂಡರಾಯ ಆಸರೆಯಾದ. ಮುಂದೆ ಚಾಲುಕ್ಯ ದಂಡನಾಯಕ ನಾಗದೇವನ ಪತ್ನಿ ಅತ್ತಿಮಬ್ಬೆ ಅವನಿಂದ ‘ಅಜಿತಪುರಾಣ’ ಬರೆಸಿದಳು. ಅದು 993ರಲ್ಲಿ ಪೂರ್ಣಗೊಂಡಿತು. ಅಚ್ಚುಕೂಟವಿಲ್ಲದ ಆ ಕಾಲದಲ್ಲಿ ಪೊನ್ನನ ‘ಶಾಂತಿಪುರಾಣ’ದ 1000 ಪ್ರತಿಗಳನ್ನು ಮಾಡಿಸಿ ಹಂಚಿದವಳೂ ಆಕೆಯೇ.

ರನ್ನ ತನ್ನ ಮಗನಿಗೆ ರಾಯ ಎಂದೂ ಮಗಳಿಗೆ ಅತ್ತಿಮಬ್ಬೆ ಎಂದೂ ಹೆಸರಿಟ್ಟ. ಅನ್ನ ಮತ್ತು ಅಕ್ಷರದ ಋಣವನ್ನು ಬಳೆಗಾರರ ಮಗ ನೆನೆದ ರೀತಿಯಿದು. ಇಷ್ಟದೈವದ ಹೆಸರಿರುವ ಕಡೆ ಇಲ್ಲಿ ಉಪಕಾರಿಯ ಹೆಸರು ಬಂತು.

‘ಅವ್ವ’ ಎಂದು ಮುಗಿಯುವ ಹೆಸರು ಹಳ್ಳಿಯದೆಂದು ಸಂಕೋಚಪಡುವ ವಿದ್ಯಾರ್ಥಿನಿಯರು ಇದ್ದಾರೆ. ಸಾವಿರ ವರ್ಷ ಹಿಂದಿನ ಕನ್ನಡ ಅದರಲ್ಲಿ ಉಳಿದಿದೆ. ನಿಮ್ಮ ತರಗತಿಯ ಹಾಜರಿ ಪುಸ್ತಕವನ್ನೊಮ್ಮೆ ಸಂಧಿ ಬಿಡಿಸಿ ಓದಿರಿ.