ಪ್ಲಮ್ ಕೇಕ್

ಕ್ರಿಸ್‌ಮಸ್ ಹೊತ್ತಿಗೆ ಬೆಂಗಳೂರಿನ ಬೇಕರಿಗಳಲ್ಲಿ ತುಂಬುವ ಪ್ಲಮ್ ಕೇಕಿಗೆ ಸಾಮಾನ್ಯವಾಗಿ ಪ್ಲಮ್ ಹಣ್ಣನ್ನೇ ಹಾಕುವುದಿಲ್ಲ. 17ನೇ ಶತಮಾನದ ಇಂಗ್ಲಿಷಿನಲ್ಲಿ ಸಿಹಿತಿನಿಸಿಗೆ ಹಾಕುವ ಒಣದ್ರಾಕ್ಷಿಗೂ ‘ಪ್ಲಮ್’ ಎನ್ನುತ್ತಿದ್ದರು. ಆ ಅರ್ಥ ಮರೆಯಾಯಿತು, ಹೆಸರು ಉಳಿಯಿತು. ‘ಕೇಕ್’ ಪದದ ಮೂಲ ಹಳೆಯ ನಾರ್ಸ್ ಭಾಷೆಯ ‘ಕಕ’.

ಒಣದ್ರಾಕ್ಷಿ, ಖರ್ಜೂರ, ಕಿತ್ತಳೆ ಸಿಪ್ಪೆಯ ಚೂರುಗಳನ್ನು ವಾರಗಟ್ಟಲೆ ರಮ್ಮಿನಲ್ಲಿ ನೆನೆಹಾಕುತ್ತಾರೆ. ಹಣ್ಣು ಉಬ್ಬಿ ಮೆತ್ತಗಾಗುತ್ತದೆ, ಕೇಕು ಬೇಗ ಕೆಡುವುದಿಲ್ಲ. ‘ರಮ್ ಕೇಕ್’ ಎಂಬ ಮಾತು ಬಂದದ್ದು ಇದರಿಂದ.

ಆದರೆ ರಮ್ ಎಲ್ಲ ಮನೆಗಳಿಗೂ ಸಲ್ಲುವುದಿಲ್ಲ. ಚಳ್ಳಕೆರೆ ತಾಲ್ಲೂಕಿನ ನನ್ನಿವಾಳ ಮ್ಯಾಸಬೇಡ ಸಮುದಾಯದ ಕಟ್ಟೆಮನೆಯ, ಅಂದರೆ ಸಾಂಪ್ರದಾಯಿಕ ಅಧಿಕಾರಕೇಂದ್ರದ, ಊರು. ಅವರ ಸಂಪ್ರದಾಯದಲ್ಲಿ ಹೆಂಡ ನಿಷಿದ್ಧ. ಅಂಥ ಮನೆಗೆ ಕೇಕು ಒಯ್ಯುವವರು ಹಣ್ಣನ್ನು ಕಿತ್ತಳೆ ರಸದಲ್ಲಿ ನೆನೆಸಿ. ಆಗಲೂ ಅದು ಪ್ಲಮ್ ಕೇಕೇ.